ಕಲ್ಲಿದ್ದಲು ಪಾಠದಲ್ಲಿ ಒಂದು ಮೂಕಿ ಚಿತ್ರ

ತರಗತಿ: 8  ವಿಷಯ: ವಿಜ್ಞಾನ
ಘಟಕ: ಕಲ್ಲಿದ್ದಲು ಮತ್ತು ಪೆಟ್ರೋಲಿಯಂ

ಉದ್ದೇಶ
ಕಲ್ಲಿದ್ದಲು ಉಂಟಾಗುವ ಬಗೆಯನ್ನು ಹಿಂದಿನ ಅವಧಿಯಲ್ಲಿ ಕಲಿಸಿದ್ದೆ. ಅದು ಗಣಿಯಿಂದ ಮನೆಯ ಬೆಂಕಿಗೂಡಿನವರೆಗೆ ಬರುವ ಹಂತಗಳನ್ನು ಮಕ್ಕಳು ತಾವೇ ಗಮನಿಸಿ ಬರೆಯಬೇಕೆಂಬುದು ಈ ಅವಧಿಯ ಗುರಿ.

ಸಾಮಗ್ರಿ
‘ಎ ಡೇ ಇನ್ ದ ಲೈಫ್ ಆಫ್ ಎ ಕೋಲ್ ಮೈನರ್’ ಎಂಬ 1910ರ ಮೂಕಿ ಚಿತ್ರ. ಕೈನೆಟೊ ಸಂಸ್ಥೆ ಇದನ್ನು ಇಂಗ್ಲೆಂಡಿನ ಲ್ಯಾಂಕಾಷೈರ್‌ನ ವಿಗನ್‌ನಲ್ಲಿ ಚಿತ್ರೀಕರಿಸಿತು. ಕಾರ್ಮಿಕ ಬೆಳಿಗ್ಗೆ ಮನೆ ಬಿಡುವುದು, ಗಣಿಯ ಕೆಲಸ, ಮೇಲೆ ಹೆಂಗಸರು ಕಲ್ಲಿದ್ದಲು ಆರಿಸುವುದು ಇದರಲ್ಲಿವೆ. ಕೊನೆಗೆ ಅನುಕೂಲಸ್ಥರ ಮನೆಯೊಂದರಲ್ಲಿ ಬೆಂಕಿ ಉರಿಯುತ್ತದೆ.

ಬೋಧನಾ ಕ್ರಮ
ಮೊದಲ ಪ್ರದರ್ಶನದಲ್ಲಿ ನಾನು ತಪ್ಪು ಮಾಡಿದೆ. ಚಿತ್ರದಲ್ಲಿ ಮಾತಿಲ್ಲವೆಂದು ಪ್ರತಿ ದೃಶ್ಯಕ್ಕೂ ನಾನೇ ವಿವರಣೆ ಕೊಡುತ್ತಾ ಹೋದೆ. ನಂತರ ಪ್ರಶ್ನೆ ಕೇಳಿದಾಗ ಮಕ್ಕಳು ನನ್ನ ಮಾತನ್ನೇ ಹಿಂದಿರುಗಿಸಿದರು. ಹಿಂದೆ ಕುಳಿತಿದ್ದ ಮಾರ್ಗದರ್ಶಕ ಉಪನ್ಯಾಸಕರು ಚೀಟಿ ಕಳಿಸಿದರು: “ಇನ್ನೊಮ್ಮೆ ತೋರಿಸಿ. ನೀವು ಸುಮ್ಮನಿರಿ.”

ಎರಡನೇ ಸಲ ನಾನು ಬಾಯಿ ತೆರೆಯಲಿಲ್ಲ. ಚಿತ್ರ ಮುಗಿದ ಮೇಲೆ, ಎಂದೂ ಕೈ ಎತ್ತದ ಹುಡುಗಿಯೊಬ್ಬಳು ಎದ್ದು ನಿಂತಳು. “ಟೀಚರ್, ಅವರೂ ತಲೆಗೆ ಬಟ್ಟೆ ಕಟ್ಟಿದ್ದಾರೆ. ನಮ್ಮಮ್ಮನೂ ಜಲ್ಲಿ ಕ್ರಷರ್‌ನಲ್ಲಿ ಧೂಳಿಗೆ ಹಾಗೇ ಕಟ್ಕೊತಾರೆ. ಹೆಂಗಸರು ಯಾಕೆ ಕೆಳಗೆ ಇಳಿಯಲ್ಲ?”

ಬ್ರಿಟನ್ನಿನ 1842ರ ಕಾನೂನು ಹೆಂಗಸರಿಗೂ 10 ವರ್ಷದೊಳಗಿನ ಹುಡುಗರಿಗೂ ಗಣಿಯೊಳಗಿನ ಕೆಲಸವನ್ನು ನಿಷೇಧಿಸಿತ್ತು. ಆದ್ದರಿಂದ ಹೆಂಗಸರು ಮೇಲಿನ ಕೆಲಸಕ್ಕೆ ನಿಂತರು ಎಂದು ಹೇಳಿದೆ. ಅಲ್ಲಿಂದ ಚರ್ಚೆ ಧೂಳು ಮತ್ತು ಶ್ವಾಸಕೋಶಕ್ಕೆ ಹೊರಳಿತು. ಮತ್ತೊಬ್ಬ, “ನಮ್ಮಲ್ಲಿ ಗಣಿ ಎಲ್ಲಿದೆ?” ಎಂದ. ಕರ್ನಾಟಕದಲ್ಲಿ ಕಲ್ಲಿದ್ದಲು ಗಣಿಗಳಿಲ್ಲ, ಶಕ್ತಿನಗರದ ರಾಯಚೂರು ಉಷ್ಣ ವಿದ್ಯುತ್ ಸ್ಥಾವರಕ್ಕೆ ಕಲ್ಲಿದ್ದಲು ಹೊರಗಿನಿಂದಲೇ ಬರುತ್ತದೆ ಎಂದಾಗ, ಮಕ್ಕಳು ತಲೆಯೆತ್ತಿ ಫ್ಯಾನ್ ನೋಡಿದರು.

ಮೌಲ್ಯಮಾಪನ
ಹಂತಗಳನ್ನು ಕ್ರಮವಾಗಿ ಬರೆಯಲು ಹೇಳಿದೆ. ಹಲವರು ಕಲ್ಲು ಬೇರ್ಪಡಿಸುವ ಹಂತವನ್ನು ತಾವಾಗಿಯೇ ಸೇರಿಸಿದ್ದರು. ನಮ್ಮ ಪಠ್ಯದ ಚಿತ್ರದಲ್ಲಿ ಅದಿಲ್ಲ.

ಆತ್ಮಾವಲೋಕನ
ಎರಡು ಸಲ ತೋರಿಸಿದ್ದರಿಂದ ಉಪಯೋಗಗಳ ಭಾಗ ಉಳಿಯಿತು. ಮುಂದಿನ ಸಲ ಗಮನಿಸಬೇಕಾದ ಮೂರು ಅಂಶಗಳನ್ನು ಮೊದಲೇ ಹಲಗೆಯ ಮೇಲೆ ಬರೆದು, ಒಂದೇ ಸಲ ಮೌನವಾಗಿ ತೋರಿಸುವೆ. ಆ ಹುಡುಗಿಯ ಪ್ರಶ್ನೆ ನನ್ನ ಪಾಠಯೋಜನೆಯಲ್ಲಿ ಇರಲಿಲ್ಲ. ನಾನು ಮಾತಾಡುತ್ತಲೇ ಇದ್ದಿದ್ದರೆ ಅದು ತರಗತಿಯಲ್ಲೂ ಇರುತ್ತಿರಲಿಲ್ಲ.