ಸಾಕ್ಷ್ಯಚಿತ್ರ ನಿರ್ಮಿಸ ಹೊರಟವರಿಗೆ

ಸಾಕ್ಷ್ಯಚಿತ್ರ ತೆರೆಕಂಡ ಮೇಲೂ ಅದರೊಳಗಿನವರು ಅದೇ ಊರಲ್ಲಿ, ಅದೇ ನೆರೆಹೊರೆಯವರ ನಡುವೆ ಬಾಳಬೇಕು. ಹಾಗಾಗಿ ನಿರ್ಮಾಪಕರಿಗೆ ಮೊದಲ ಹೊಣೆ ಅವರ ಬಗ್ಗೆ. ದುಡ್ಡು ಹೊಂದಿಸುವುದು ಆಮೇಲಿನ ಮಾತು. ಇಷ್ಟು ವರ್ಷದ ಕೆಲಸದಲ್ಲಿ ನಾನು ಕಲಿತದ್ದನ್ನು ಬರೆಯುತ್ತೇನೆ.

1. ಒಪ್ಪಿಗೆ ಪತ್ರ ಕನ್ನಡದಲ್ಲಿರಲಿ, ಸಹಿಗೆ ಮುಂಚೆ ಗಟ್ಟಿಯಾಗಿ ಓದಿ ಹೇಳಿ. ಇಳಕಲ್ಲಿನ ನೇಕಾರರ ಮನೆಯೊಂದರಲ್ಲಿ ಹೀಗೆ ಓದುತ್ತಿದ್ದಾಗ, ಕುಣಿಮಗ್ಗದಲ್ಲಿ ಕಾಲಿಳಿಬಿಟ್ಟು ಕೂತಿದ್ದ ಅಕ್ಕ ಲಾಳಿ ನಿಲ್ಲಿಸಿ, “ಇದನ್ನ ನಮ್ಮ ಬೀಗರೂ ನೋಡ್ತಾರೇನ್ರಿ?” ಅಂದರು. ತಮ್ಮ ಮನೆಯ ಸಾಲದ ಮಾತು ಮಗಳ ಗಂಡನ ಮನೆ ತಲುಪೀತೆಂಬ ಅಂಜಿಕೆ ಅವರದು. ವಕೀಲರು ಬರೆದುಕೊಟ್ಟ ಯಾವ ಕಲಮಿನಲ್ಲೂ ಅದಕ್ಕೆ ಉತ್ತರವಿರಲಿಲ್ಲ. ಸಾಲದ ಮೊತ್ತ, ಸಾಹುಕಾರರ ಹೆಸರು ಚಿತ್ರದಲ್ಲಿ ಬರುವುದಿಲ್ಲವೆಂದು ಪತ್ರದ ಕೆಳಗೇ ಕೈಯಲ್ಲಿ ಬರೆದೆವು. ರಫ್ ಕಟ್ (ಸಂಕಲನದ ಮೊದಲ ಕರಡು) ಆದಾಗ ಮತ್ತೆ ಹೋಗಿ ತೋರಿಸಬೇಕು. ಸಹಿ ಹಾಕುವಾಗ ಯಾರಿಗೂ ಇಡೀ ಚಿತ್ರ ಕಣ್ಣಮುಂದಿರುವುದಿಲ್ಲ. ‘ರೈಟಿಂಗ್ ವಿತ್ ಫೈರ್’ ಸಾಕ್ಷ್ಯಚಿತ್ರ 2022ರಲ್ಲಿ ಆಸ್ಕರ್‌ಗೆ ನಾಮನಿರ್ದೇಶನಗೊಂಡಿತು. ಅದು ಯಾರ ಕುರಿತಾಗಿತ್ತೋ ಆ ‘ಖಬರ್ ಲಹರಿಯಾ’ ಸುದ್ದಿಸಂಸ್ಥೆಯ ಪತ್ರಕರ್ತೆಯರೇ, ತಮ್ಮ ಕೆಲಸದ ಪೂರ್ಣ ಚಿತ್ರಣ ಅದರಲ್ಲಿಲ್ಲವೆಂದು ಬಹಿರಂಗವಾಗಿ ಹೇಳಿದರು. ಪ್ರತಿ ನಿರ್ಮಾಪಕರೂ ನೆನಪಿಡಬೇಕಾದ ಪ್ರಸಂಗವಿದು.

2. ಹಣ ಕಂತಿನಲ್ಲೇ ಬರುತ್ತದೆ. ಸಂಶೋಧನೆಗೆ ಒಂದು ಕಡೆಯಿಂದ, ಚಿತ್ರೀಕರಣಕ್ಕೆ ಇನ್ನೊಂದು ಕಡೆಯಿಂದ. ಬೆಂಗಳೂರಿನ ಇಂಡಿಯಾ ಫೌಂಡೇಶನ್ ಫಾರ್ ದಿ ಆರ್ಟ್ಸ್, ಕೋಲ್ಕತ್ತದ ಡಾಕ್‌ಎಡ್ಜ್, ಆಮ್‌ಸ್ಟರ್‌ಡ್ಯಾಮಿನ ಇಡ್ಫಾ ಬರ್ಥಾ ಫಂಡ್, ಇವು ಒಂದೊಂದಕ್ಕೂ ಬೇರೆಯದೇ ರೀತಿಯ ಅರ್ಜಿ. ಕ್ಯಾಮೆರಾಗೆ ಸಿಕ್ಕ ಹಣದಲ್ಲೇ ಸೌಂಡ್ ಮಿಕ್ಸಿಂಗ್, ಸಬ್‌ಟೈಟಲ್‌ಗೆ ಒಂದು ಪಾಲು ಎತ್ತಿಡಿ. ವಿದೇಶದ ಅನುದಾನವಾದರೆ ವಿದೇಶಿ ದೇಣಿಗೆ ನಿಯಂತ್ರಣ ಕಾಯ್ದೆ (ಎಫ್‌ಸಿಆರ್‌ಎ) ಬಲ್ಲ ಚಾರ್ಟರ್ಡ್ ಅಕೌಂಟೆಂಟರನ್ನು ಅರ್ಜಿ ಹಾಕುವ ಮುಂಚೆಯೇ ಕೇಳಿ.

3. ಮಗ್ಗದ ಪಕ್ಕದ ಮೊಬೈಲಿನಲ್ಲಿ ಸಿನಿಮಾ ಹಾಡು ಬರುತ್ತಿದ್ದರೆ, ಆ ಹಾಡಿಗೂ ಹಕ್ಕುದಾರರಿದ್ದಾರೆ. ಚಾನೆಲ್ಲಿಗೋ ಒಟಿಟಿಗೋ ಕೊಡುವಾಗ ಅನುಮತಿ ಪತ್ರ ಕೇಳುತ್ತಾರೆ. ಕೆಲಸ ಮಾಡುವವರಿಗೆ “ಹಾಡು ನಿಲ್ಲಿಸಿ” ಅನ್ನುವುದು ನನಗೆ ಒಗ್ಗುವುದಿಲ್ಲ. ಹಾಡಿಲ್ಲದ ಹೊತ್ತು ನೋಡಿ, ಲಾಳಿಯ ಸದ್ದನ್ನು ಪ್ರತ್ಯೇಕವಾಗಿ ದಾಖಲಿಸಿಕೊಳ್ಳಲು ಸೌಂಡ್ ರೆಕಾರ್ಡಿಸ್ಟ್‌ಗೆ ಬಿಡುವು ಕೊಡುತ್ತೇನೆ.

4. ಫುಟೇಜಿನ ಮೂರು ಪ್ರತಿ ಇರಲಿ, ಒಂದು ಬೇರೆ ಊರಲ್ಲಿರಲಿ.

5. ಆನಂದ್ ಪಟವರ್ಧನ್ ಅವರ ‘ಜೈ ಭೀಮ್ ಕಾಮ್ರೇಡ್’ಗೆ (2011) ಹದಿನಾಲ್ಕು ವರ್ಷ ಹಿಡಿಯಿತು. ಅಷ್ಟಲ್ಲದಿದ್ದರೂ ವರ್ಷಗಳಂತೂ ಹಿಡಿಯುತ್ತವೆ. ಆ ಅವಧಿಯಲ್ಲಿ ಮನೆ ನಡೆಯಲು ಸಂಸ್ಥೆಗಳ ಚಿತ್ರ, ತರಬೇತಿ ವಿಡಿಯೊ ಮಾಡಿಕೊಡುವುದು ಗೌರವದ ಕೆಲಸವೇ. ಆದರೆ ಕ್ಯಾಮೆರಾ, ಶಬ್ದ, ಎಡಿಟಿಂಗ್‌ನವರನ್ನು “ಚಿತ್ರ ಗೆದ್ದ ಮೇಲೆ ಕೊಡ್ತೀನಿ” ಎಂದು ದುಡಿಸಿಕೊಳ್ಳಬೇಡಿ.

6. ಪ್ರದರ್ಶನದ ದಾರಿಯನ್ನು ನಾವೇ ಮಾಡಿಕೊಳ್ಳಬೇಕು. ಮುಂಬೈ ಚಿತ್ರೋತ್ಸವ 2004ರಲ್ಲಿ ಹಲವು ಚಿತ್ರಗಳನ್ನು ಹೊರಗಿಟ್ಟಾಗ ನಿರ್ದೇಶಕರು ‘ವಿಕಲ್ಪ್’ ಹೆಸರಿನಲ್ಲಿ ತಾವೇ ಪ್ರದರ್ಶನ ಏರ್ಪಡಿಸಿದರು. ವನ್ಯಜೀವಿ ಸಾಕ್ಷ್ಯಚಿತ್ರ ‘ವೈಲ್ಡ್ ಕರ್ನಾಟಕ’ 2020ರಲ್ಲಿ ಚಿತ್ರಮಂದಿರಕ್ಕೇ ಬಂತು. ಆದರೆ ನಮ್ಮಂಥವರ ಸಣ್ಣ ಚಿತ್ರಗಳಿಗೆ ಕಾಲೇಜು, ಫಿಲ್ಮ್ ಸೊಸೈಟಿ, ಸಂಘಗಳೇ ಆಸರೆ. ಅವಕ್ಕೆಲ್ಲ ಮೊದಲು ಚಿತ್ರ ತೆಗೆದ ಊರಲ್ಲೇ ತೋರಿಸಿ. ಪರದೆ, ಪ್ರೊಜೆಕ್ಟರ್ ಬಾಡಿಗೆಯನ್ನು ಮೊದಲ ಬಜೆಟ್ಟಿನಲ್ಲೇ ಬರೆದಿಡಿ. ಎಲ್ಲ ಮುಗಿದ ಮೇಲೆ ಆ ಖರ್ಚಿಗೆ ದುಡ್ಡು ಕೊಡುವವರು ಸಿಗುವುದು ಕಷ್ಟ.