ಇಬ್ಬರು ದಂಡನಾಯಕರ ಸಖ್ಯ

ಪರರಾಜ್ಯದ ಶತ್ರುವಿನೊಡನೆ ನಡೆಯುವ ಹೋರಾಟವನ್ನು ಯುದ್ಧವೆನ್ನುತ್ತೇವೆ. ಒಂದೇ ದೇಶದ ಜನರು ಎರಡು ಪಕ್ಷಗಳಾಗಿ ತಮ್ಮೊಳಗೇ ಕಾದಾಡಿದರೆ ಅದು ಅಂತರ್ಯುದ್ಧ. ಕುರುಕ್ಷೇತ್ರದ ಕಥೆಯನ್ನು ಪಾಠಗಳಲ್ಲಿ ಓದಿ, ಬಯಲಾಟ ತಾಳಮದ್ದಳೆಗಳಲ್ಲಿ ಕೇಳಿ ಬೆಳೆದ ನಮ್ಮ ಮಕ್ಕಳಿಗೆ ಇದನ್ನು ಹೆಚ್ಚು ವಿವರಿಸಬೇಕಾಗಿಲ್ಲ. ಆದರೆ ಆ ಕಥೆಯಲ್ಲಿ ಒಂದು ಸಂಗತಿಯನ್ನು ಗಮನಿಸಿದ್ದೀರಾ? ಕೌರವನ ಪಕ್ಷದಲ್ಲಿ ವೀರರಿಗೆ ಕೊರತೆಯಿರಲಿಲ್ಲ. ಆದರೂ ಭೀಷ್ಮನು ಸೇನಾಪತಿಯಾಗಿದ್ದಷ್ಟು ದಿನ ಕರ್ಣನು ಆಯುಧ ಹಿಡಿಯಲಿಲ್ಲ. ಕರ್ಣನೇ ಸೇನಾಪತಿಯಾದಾಗ ಅವನ ರಥ ನಡೆಸುವ ಶಲ್ಯನು ಅವನನ್ನು ಹುರಿದುಂಬಿಸುವ ಬದಲು ಹೀಯಾಳಿಸುತ್ತಿದ್ದನು. ಒಂದೇ ರಥದಲ್ಲಿ ಕುಳಿತವರಿಬ್ಬರ ಮನಸ್ಸು ಒಂದಾಗಿರಲಿಲ್ಲ.

ಇದಕ್ಕೆ ವಿರುದ್ಧವಾದ ಒಂದು ಉದಾಹರಣೆ ಅಮೇರಿಕದ ಅಂತರ್ಯುದ್ಧದಲ್ಲಿ ದೊರೆಯುತ್ತದೆ. ಕನ್ನಡ ಪಾಠ ಹೇಳುವವರಿಗೆ ಅಮೇರಿಕದ ಯುದ್ಧದ ಗೊಡವೆ ಏಕೆಂದು ಸಮಾಜ ಪಾಠದ ಅಧ್ಯಾಪಕರು ಕೇಳಿಯಾರು. ನಾವು ತರಗತಿಯಲ್ಲಿ ಪತ್ರಲೇಖನ ಕಲಿಸುವವರು. ಗ್ರಾಂಟ್ ಮತ್ತು ಶೆರ್ಮನ್ ಎಂಬ ಇಬ್ಬರು ದಂಡನಾಯಕರ ಸಖ್ಯದ ಬಹುಭಾಗ ಅವರು ಬರೆದುಕೊಂಡ ಪತ್ರಗಳಲ್ಲಿ ಉಳಿದುಬಂದಿದೆ. ಆ ನೆಪದಿಂದಲೇ ಈ ಲೇಖನ.

ಮೊದಲು ಹಿನ್ನೆಲೆಯನ್ನು ಸ್ವಲ್ಪದರಲ್ಲಿ ಹೇಳುತ್ತೇವೆ. 1860ರಲ್ಲಿ ಅಮೇರಿಕದ ದಕ್ಷಿಣದ ಸಂಸ್ಥಾನಗಳಲ್ಲಿ ಸುಮಾರು 40 ಲಕ್ಷ ಮಂದಿ ಆಫ್ರಿಕ ಮೂಲದ ಜನರು ಗುಲಾಮರಾಗಿದ್ದರು. ಗುಲಾಮಗಿರಿಯು ಹೊಸ ಪ್ರದೇಶಗಳಿಗೆ ಹಬ್ಬಕೂಡದೆಂಬ ಪಕ್ಷದ ಅಬ್ರಹಾಂ ಲಿಂಕನ್ ಆ ವರ್ಷ ಅಧ್ಯಕ್ಷನಾಗಿ ಆರಿಸಿ ಬಂದನು. ದಕ್ಷಿಣದ 11 ಸಂಸ್ಥಾನಗಳು ಒಕ್ಕೂಟದಿಂದ ಸಿಡಿದು ಪ್ರತ್ಯೇಕ ಸರಕಾರ ಕಟ್ಟಿದವು. 1861ರ ಎಪ್ರಿಲ್ 12ರಂದು ಯುದ್ಧ ಆರಂಭವಾಯಿತು. ನಾಲ್ಕು ವರ್ಷಗಳಲ್ಲಿ ಆರು ಲಕ್ಷಕ್ಕೂ ಮಿಕ್ಕಿ ಸೈನಿಕರು ಸತ್ತರು.

ಯುದ್ಧ ಆರಂಭವಾದಾಗ ಈ ಇಬ್ಬರನ್ನೂ ಲೋಕವು ಸೋತವರೆಂದೇ ಎಣಿಸಿತ್ತು. ಯುಲಿಸಿಸ್ ಗ್ರಾಂಟನು 1822ರಲ್ಲಿ ಒಹಾಯೋ ಸಂಸ್ಥಾನದಲ್ಲಿ ಹುಟ್ಟಿದವನು. ವೆಸ್ಟ್ ಪಾಯಿಂಟಿನ ಸೈನಿಕ ಶಾಲೆಯಲ್ಲಿ ತನ್ನ ತರಗತಿಯ 39 ಮಂದಿಯಲ್ಲಿ 21ನೆಯವನಾಗಿ ತೇರ್ಗಡೆಯಾದನು. 1854ರಲ್ಲಿ ಸೈನ್ಯ ಬಿಟ್ಟನು. ಕುಡಿತದ ಅಪವಾದ ಬೆನ್ನಿಗೆ ಬಿತ್ತು. ಬೇಸಾಯ ಮಾಡಿ ಕೈಸುಟ್ಟುಕೊಂಡನು, ಪೇಟೆಗೆ ಸೌದೆ ಹೊತ್ತು ಮಾರಿದನು, ಕೊನೆಗೆ ತಂದೆಯ ಚರ್ಮದ ಅಂಗಡಿಯಲ್ಲಿ ತಮ್ಮಂದಿರ ಜೊತೆ ಕೆಲಸಕ್ಕೆ ನಿಂತನು. ವಿಲಿಯಂ ಶೆರ್ಮನನು ಅವನಿಗಿಂತ ಎರಡು ವರ್ಷ ದೊಡ್ಡವನು. ಒಂಬತ್ತನೆಯ ವಯಸ್ಸಿನಲ್ಲಿ ತಂದೆಯನ್ನು ಕಳೆದುಕೊಂಡು ಪರರ ಮನೆಯಲ್ಲಿ ಬೆಳೆದನು. ಓದಿನಲ್ಲಿ ಚುರುಕು, ವೆಸ್ಟ್ ಪಾಯಿಂಟಿನಲ್ಲಿ ತನ್ನ ತರಗತಿಗೆ ಆರನೆಯವನು. ಆದರೆ ಸೈನ್ಯ ಬಿಟ್ಟು ನಡೆಸಿದ ಬ್ಯಾಂಕು ಮುಚ್ಚಿತು. ಆಮೇಲೆ ದಕ್ಷಿಣದ ಲೂಸಿಯಾನದಲ್ಲಿ ಒಂದು ವಿದ್ಯಾಲಯದ ಮುಖ್ಯಸ್ಥನಾದನು. ಆ ಲೆಕ್ಕದಲ್ಲಿ ಅವನು ನಮ್ಮ ವೃತ್ತಿಬಾಂಧವ! ಆ ಸಂಸ್ಥಾನವು ಒಕ್ಕೂಟ ಬಿಟ್ಟಾಗ ಅವನು ಕೆಲಸಕ್ಕೆ ರಾಜೀನಾಮೆ ಕೊಟ್ಟು ಉತ್ತರಕ್ಕೆ ಹೊರಟನು. ಒಂದು ಪರೀಕ್ಷೆಯ ಅಂಕಪಟ್ಟಿಯನ್ನು ಹಿಡಿದು ಮಗುವಿನ ಮುಂದಿನ ನಲವತ್ತು ವರ್ಷಗಳ ಜಾತಕ ಬರೆಯುವ ತಾಯಿತಂದೆಯರು ಈ ಭಾಗವನ್ನು ಇನ್ನೊಮ್ಮೆ ಓದಬಹುದು.

1861ರ ಕೊನೆಗೆ ಶೆರ್ಮನನಿಗೆ ಇನ್ನೊಂದು ಪೆಟ್ಟು ಬಿತ್ತು. ಕೆಂಟಕಿಯಲ್ಲಿ ಸೇನಾಧಿಕಾರಿಯಾಗಿದ್ದಾಗ, ಈ ಭಾಗದಲ್ಲಿ ಮುಂದೊತ್ತಿ ಹೋರಾಡಬೇಕಾದರೆ ಎರಡು ಲಕ್ಷ ಜನ ಬೇಕೆಂದು ಹೇಳಿಬಿಟ್ಟನು. ಯುದ್ಧವು ನಾಲ್ಕು ದಿನದಲ್ಲಿ ಮುಗಿದೀತೆಂದು ನಂಬಿದ್ದ ಕಾಲ ಅದು. ಅವನನ್ನು ಆ ಹುದ್ದೆಯಿಂದ ತೆಗೆದರು. ಪತ್ರಿಕೆಗಳು ಅವನಿಗೆ ಹುಚ್ಚು ಹಿಡಿದಿದೆಯೆಂದು ಅಚ್ಚುಹಾಕಿದವು.

ಹೀಗಿರುವಾಗ 1862ರ ಫೆಬ್ರವರಿಯಲ್ಲಿ ಗ್ರಾಂಟನು ಡಾನೆಲ್ಸನ್ ಕೋಟೆಗೆ ಮುತ್ತಿಗೆ ಹಾಕಿದನು. ಶೆರ್ಮನನ ಕೆಲಸ ಹಿಂದಿನಿಂದ ಜನ ಮತ್ತು ಸಾಮಗ್ರಿಗಳನ್ನು ಕಳಿಸುವುದು. ದರ್ಜೆಯಲ್ಲಿ ಶೆರ್ಮನನೇ ಹಿರಿಯನು. ಆದರೂ ಸಾಮಾನು ತುಂಬಿದ ಒಂದೊಂದು ದೋಣಿಯಲ್ಲೂ ಒಂದೊಂದು ಚೀಟಿ ಬರುತ್ತಿತ್ತು: ಏನು ಬೇಕಾದರೂ ಕೇಳು, ಮುಂಚೂಣಿಯಲ್ಲಿ ನನ್ನಿಂದ ಉಪಯೋಗವಿದ್ದರೆ ಕರೆಸಿಕೋ, ಹಿರಿತನದ ಮಾತೆತ್ತುವುದಿಲ್ಲ ಎಂಬರ್ಥದ ಮಾತುಗಳು. ಸೈನ್ಯದಲ್ಲಿ ಹಿರಿತನವೆಂದರೆ ಏನೆಂದು ಬಲ್ಲವರಿಗೆ ಆ ಚೀಟಿಯ ತೂಕ ತಿಳಿದೀತು. ಅದು ಸರಕಾರಿ ಕಚೇರಿಗಳಲ್ಲಿರುವ ನಮಗೂ ಗೊತ್ತು.

ಎರಡು ತಿಂಗಳ ಮೇಲೆ, ಎಪ್ರಿಲ್ 6ರಂದು, ಟೆನೆಸಿಯ ಶೈಲೋ ಎಂಬಲ್ಲಿ ಶತ್ರುಸೈನ್ಯ ಬೆಳಗಾಗುತ್ತಲೇ ಇವರ ಬೀಡಿನ ಮೇಲೆ ಬಿತ್ತು. ಇಬ್ಬರೂ ಎಚ್ಚರದಿಂದಿರಲಿಲ್ಲ. ಈ ತಪ್ಪನ್ನು ಮುಚ್ಚಿಡುವ ಅಗತ್ಯವಿಲ್ಲ. ಶೆರ್ಮನನ ಕೈಗೆ ಗಾಯವಾಯಿತು, ಅವನ ಕೆಳಗೆ ಮೂರು ಕುದುರೆಗಳು ಸತ್ತವು. ಸಂಜೆಯ ಹೊತ್ತಿಗೆ ಸೈನ್ಯ ಹೊಳೆಯ ದಂಡೆಗೆ ಒತ್ತಿಹೋಗಿತ್ತು. ರಾತ್ರಿ ಜಡಿಮಳೆಯಲ್ಲಿ ಶೆರ್ಮನನು ಗ್ರಾಂಟನನ್ನು ಹುಡುಕಿಕೊಂಡು ಹೋದನು. ಹೊಳೆ ದಾಟಿ ಹಿಂದೆ ಸರಿಯುವುದೇ ಲೇಸೆಂದು ಹೇಳಬೇಕೆಂದಿದ್ದನು. ಗ್ರಾಂಟನು ಒಂದು ಮರದಡಿಯಲ್ಲಿ ಟೋಪಿ ಇಳಿಸಿಕೊಂಡು ಚುಟ್ಟಾ ಕಚ್ಚಿ ನಿಂತಿದ್ದನು. ಆ ಮುಖ ನೋಡಿದ ಶೆರ್ಮನನು ಹಿಮ್ಮೆಟ್ಟುವ ಮಾತನ್ನು ನುಂಗಿಕೊಂಡು, ಇವತ್ತಿನ ದಿನ ಬಹಳ ಕೆಟ್ಟದಾಯಿತೆಂದಷ್ಟೇ ಹೇಳಿದನು. ಹೌದು, ಆದರೆ ನಾಳೆ ಬಡಿಯೋಣ ಎಂದನು ಗ್ರಾಂಟನು. ರಾತ್ರಿಯಲ್ಲಿ ಹೊಸ ಸೈನ್ಯವೂ ಬಂದು ಕೂಡಿತು. ಮರುದಿನ ಹಾಗೆಯೇ ಆಯಿತು. ಎರಡು ದಿನಗಳಲ್ಲಿ ಎರಡೂ ಕಡೆ ಸತ್ತವರು, ಗಾಯಗೊಂಡವರು, ಕಾಣೆಯಾದವರು ಸೇರಿ 23 ಸಾವಿರಕ್ಕೂ ಹೆಚ್ಚು.

ಇಷ್ಟು ಜೀವಹಾನಿಗೆ ಗ್ರಾಂಟನೇ ಹೊಣೆಯೆಂದು ಪತ್ರಿಕೆಗಳು ಕೂಗಿದವು. ಮೇಲಧಿಕಾರಿ ಹ್ಯಾಲೆಕನು ತಾನೇ ಬಂದು ಸೈನ್ಯದ ಆಡಳಿತ ವಹಿಸಿ, ಗ್ರಾಂಟನಿಗೆ ಹೆಸರಿಗೆ ಮಾತ್ರ ಎರಡನೆಯ ಸ್ಥಾನ ಕೊಟ್ಟು ಕೆಲಸವಿಲ್ಲದೆ ಕೂರಿಸಿದನು. ಗ್ರಾಂಟನು ರಜೆ ಪಡೆದು ಗಂಟುಮೂಟೆ ಕಟ್ಟಿದ್ದನು. ಸುದ್ದಿ ಕೇಳಿ ಶೆರ್ಮನನು ಕುದುರೆಯೇರಿ ಅವನ ಡೇರೆಗೆ ಬಂದನು. ತನ್ನನ್ನೂ ಜನ ಹುಚ್ಚನೆಂದರು, ಶೈಲೋದ ಒಂದು ಯುದ್ಧ ತನಗೆ ಹೊಸ ಜೀವ ಕೊಟ್ಟಿತು. ನೀನು ಹೋದರೆ ಯುದ್ಧ ನಿನ್ನನ್ನು ಬಿಟ್ಟು ಮುಂದೆ ಸಾಗುತ್ತದೆ, ಉಳಿದರೆ ಯಾವುದಾದರೂ ಒಳ್ಳೆಯ ಸಂದರ್ಭ ಒದಗೀತು ಎಂದು ವಾದಿಸಿದನು. ಗ್ರಾಂಟನು ಉಳಿದನು. ಜುಲೈ ತಿಂಗಳಲ್ಲಿ ಹ್ಯಾಲೆಕನಿಗೆ ವಾಷಿಂಗ್ಟನಿಗೆ ಕರೆ ಬಂದು, ಆಡಳಿತ ಮತ್ತೆ ಗ್ರಾಂಟನ ಕೈಸೇರಿತು.

ಇಲ್ಲಿಯವರೆಗಿನದು ಸ್ನೇಹದ ಕಥೆ. ಕಷ್ಟದಲ್ಲಿ ಕೈಹಿಡಿಯುವ ಸ್ನೇಹಿತರು ಲೋಕದಲ್ಲಿ ಅಷ್ಟೇನೂ ಅಪರೂಪವಲ್ಲ. ನಾವು ಮುಖ್ಯವೆಂದು ಎಣಿಸುವುದು ಇನ್ನು ಮುಂದಿನದನ್ನು, ಅಂದರೆ ಇಬ್ಬರಿಗೆ ಭಿನ್ನಾಭಿಪ್ರಾಯ ಬಂದಾಗ ಅವರು ನಡೆದುಕೊಂಡ ರೀತಿಯನ್ನು.

ಮಿಸಿಸಿಪಿ ನದಿಯ ಒಂದು ತಿರುವಿನಲ್ಲಿ, ಎತ್ತರದ ದಿಣ್ಣೆಯ ಮೇಲೆ ವಿಕ್ಸ್‌ಬರ್ಗ್ ಎಂಬ ಪಟ್ಟಣವಿದೆ. ಅದರ ಫಿರಂಗಿಗಳು ಶತ್ರುವಿನ ಕೈಯಲ್ಲಿರುವವರೆಗೆ ನದಿಯ ಸಂಚಾರ ಉತ್ತರದವರಿಗೆ ಇಲ್ಲ. 1862ರ ಡಿಸೆಂಬರಿನಲ್ಲಿ ಶೆರ್ಮನನು ಉತ್ತರದ ಕಡೆಯಿಂದ ಏರಿಹೋಗಿ ಸೋತು ಬಂದಿದ್ದನು. 1863ರ ವಸಂತದಲ್ಲಿ ಗ್ರಾಂಟನು ಒಂದು ಹೊಸ ಉಪಾಯ ಮಾಡಿದನು. ಸೈನ್ಯವು ನದಿಯ ಆಚೆ ದಡದಲ್ಲಿ ನಡೆದು ಪಟ್ಟಣಕ್ಕಿಂತ ಕೆಳಕ್ಕೆ ಹೋಗುವುದು. ಹಡಗುಗಳು ರಾತ್ರಿಯ ಕತ್ತಲೆಯಲ್ಲಿ ಫಿರಂಗಿಗಳ ಎದುರಿನಿಂದಲೇ ತೇಲಿಹೋಗುವುದು. ಅಲ್ಲಿ ನದಿ ದಾಟಿ ಹಿಂದಿನಿಂದ ಪಟ್ಟಣದ ಮೇಲೆ ಬೀಳುವುದು. ಇದರಿಂದ ಸೈನ್ಯಕ್ಕೂ ಅದರ ಉಗ್ರಾಣಕ್ಕೂ ನಡುವೆ ಶತ್ರುವಿನ ಕೋಟೆ ಬರುತ್ತಿತ್ತು. ಯುದ್ಧಶಾಸ್ತ್ರದ ಪುಸ್ತಕಗಳು ಹೇಳುವುದು ಇದಕ್ಕೆ ತದ್ವಿರುದ್ಧ.

ಶೆರ್ಮನನಿಗೆ ಈ ಉಪಾಯ ಸ್ವಲ್ಪವೂ ಹಿಡಿಸಲಿಲ್ಲ. ಅವನು ಮುಖತಃ ಹೇಳಿದನು. ಎಪ್ರಿಲ್ 8ರಂದು ಗ್ರಾಂಟನ ಕಚೇರಿಯ ಅಧಿಕಾರಿ ರಾಲಿನ್ಸನ ಹೆಸರಿಗೆ ಪತ್ರವನ್ನೂ ಬರೆದನು. ಮೆಂಫಿಸಿಗೆ ಹಿಂದಿರುಗಿ ರೈಲುದಾರಿ ಹಿಡಿದು ಬರುವುದೇ ಕ್ಷೇಮವೆಂದು ಕಾರಣಸಹಿತ ವಿವರಿಸಿದನು. ಪತ್ರದ ಕೊನೆಯ ಭಾಗವನ್ನು ವಿದ್ಯಾರ್ಥಿಗಳು ಗಮನಿಸಬೇಕು. ಇದಕ್ಕೆ ಉತ್ತರ ಬೇಡ, ಯೋಗ್ಯವೆನಿಸಿದಷ್ಟು ಬೆಲೆ ಕೊಟ್ಟರೆ ಸಾಕು. ಯಾವ ಉಪಾಯವನ್ನು ಕೈಗೊಂಡರೂ ಅದು ತನ್ನದೇ ಎಂಬಂತೆ ದುಡಿಯುವೆನು ಎಂದು ಅವನು ಬರೆದನು. ಪತ್ರವನ್ನು ಹೇಗೆ ಮುಗಿಸಬೇಕೆಂದು ಕಲಿಸುವಾಗ "ಇಂತೀ ತಮ್ಮ ವಿಶ್ವಾಸಿ" ಎಂದು ಬರೆಸುತ್ತೇವಲ್ಲ, ಆ ಮಾತಿಗೆ ಇಂಥದೊಂದು ಅರ್ಥ ಇರಬಹುದೆಂದು ನಮಗೆ ತೋರಿದ್ದು ಈ ಪತ್ರದ ವಿಚಾರ ತಿಳಿದ ಮೇಲೆ.

ಗ್ರಾಂಟನು ತನ್ನ ನಿರ್ಧಾರ ಬದಲಿಸಲಿಲ್ಲ. ಹಿಂದಕ್ಕೆ ಹೋದರೆ ಉತ್ತರದ ಜನ ಅದನ್ನು ಸೋಲೆಂದೇ ತಿಳಿದು ಧೈರ್ಯಗೆಡುವರೆಂಬುದು ಅವನ ಲೆಕ್ಕ. ಶೆರ್ಮನನ ಮೇಲೆ ಸಿಟ್ಟನ್ನೂ ಮಾಡಲಿಲ್ಲ, ಪತ್ರದ ಸಂಗತಿಯನ್ನು ಯಾರಿಗೂ ಹೇಳಲೂ ಇಲ್ಲ. ಎಪ್ರಿಲ್ 16ರ ರಾತ್ರಿ ಹಡಗುಗಳು ಫಿರಂಗಿಗಳನ್ನು ದಾಟಿದವು. ಈಗ ಶತ್ರುವಿನ ಗಮನವನ್ನು ಬೇರೆ ಕಡೆಗೆ ಸೆಳೆಯಬೇಕಿತ್ತು. ಅದಕ್ಕಾಗಿ ಶೆರ್ಮನನು ಉತ್ತರದಲ್ಲಿ ಹುಸಿ ದಾಳಿ ಮಾಡಬೇಕು, ಮಾಡಿ ಹಿಂದಿರುಗಬೇಕು. ಆದರೆ ಡಿಸೆಂಬರಿನಲ್ಲಿ ಅಲ್ಲಿಯೇ ಸೋತವನು ಮತ್ತೆ ಹಿಂದಿರುಗಿದರೆ ಪತ್ರಿಕೆಗಳು ಬಿಟ್ಟಾವೆಯೇ? ಅದನ್ನು ಯೋಚಿಸಿ ಗ್ರಾಂಟನು ಆಜ್ಞೆ ಮಾಡಲಿಲ್ಲ. ಮಾಡುವುದೂ ಬಿಡುವುದೂ ನಿನಗೆ ಸೇರಿದ್ದೆಂದು ಬರೆದನು. ಶೆರ್ಮನನು ಪತ್ರಿಕೆಗಳ ಮಾತನ್ನು ಕಡೆಗಣಿಸಬೇಕೆಂದು ಉತ್ತರಿಸಿ ಹುಸಿ ದಾಳಿಗೆ ಹೊರಟೇಬಿಟ್ಟನು. ತಾನು ಒಪ್ಪದ ಉಪಾಯಕ್ಕಾಗಿ, ತನ್ನ ಹೆಸರಿಗೆ ಮಸಿ ಬಳಿಯಬಹುದಾದ ಕೆಲಸವನ್ನು ಅವನು ವಹಿಸಿಕೊಂಡನು.

ಗ್ರಾಂಟನು ನದಿ ದಾಟಿ ಮೇ ತಿಂಗಳ ಮೊದಲ 17 ದಿನಗಳಲ್ಲಿ ಐದು ಯುದ್ಧಗಳನ್ನು ಗೆದ್ದು ಪಟ್ಟಣವನ್ನು ಸುತ್ತುವರಿದನು. ಮೇ 18ರಂದು, ಡಿಸೆಂಬರಿನಲ್ಲಿ ಏರಲಾಗದೆ ಸೋತ ಅದೇ ದಿಣ್ಣೆಯ ಮೇಲೆ ನಿಂತು, ಇದು ಗೆಲ್ಲುವುದೆಂದು ಈ ಗಳಿಗೆಯವರೆಗೆ ನನಗೆ ನಂಬಿಕೆಯಿರಲಿಲ್ಲವೆಂದು ಶೆರ್ಮನನು ಗ್ರಾಂಟನಿಗೆ ಹೇಳಿದನು. ಪ್ರಮುಖರು ಬೀಡಿಗೆ ಬಂದಾಗಲೂ, ಕೀರ್ತಿಯೆಲ್ಲ ಗ್ರಾಂಟನದು, ನಾನು ಇದನ್ನು ವಿರೋಧಿಸಿ ಪತ್ರ ಬರೆದವನು ಎಂದು ತಾನಾಗಿ ಸಾರಿದನು. ಜುಲೈ 4ರಂದು ವಿಕ್ಸ್‌ಬರ್ಗ್ ಶರಣಾಯಿತು. ಸುಮಾರು 29 ಸಾವಿರ ಸೈನಿಕರು ಸೆರೆಯಾದರು.

ಕೋಟೆಯೊಳಗಿನ ಪಕ್ಷದಲ್ಲಿ ಆಗ ಏನು ನಡೆದಿತ್ತು? ಅಲ್ಲಿನ ಸೇನಾನಿ ಪೆಂಬರ್ಟನನಿಗೆ ಅಧ್ಯಕ್ಷ ಜೆಫರ್ಸನ್ ಡೇವಿಸನು ಪಟ್ಟಣವನ್ನು ಬಿಡಬೇಡವೆಂದನು. ಮೇಲಿನ ದಂಡನಾಯಕ ಜೋಸೆಫ್ ಜಾನ್‌ಸ್ಟನನು ಪಟ್ಟಣ ಬಿಟ್ಟಾದರೂ ಸೈನ್ಯವನ್ನು ಉಳಿಸಿಕೋ ಎಂದನು. ಮೂವರಿಗೂ ಒಬ್ಬರ ಮೇಲೊಬ್ಬರಿಗೆ ವಿಶ್ವಾಸವಿಲ್ಲ. ಪೆಂಬರ್ಟನನು ಒಳಗೇ ಉಳಿದನು. ಪಟ್ಟಣವೂ ಹೋಯಿತು, ಸೈನ್ಯವೂ ಹೋಯಿತು. ಶಲ್ಯನ ಸಾರಥ್ಯ ನೆನಪಾಗುವುದಿಲ್ಲವೇ?

1864ರ ಮಾರ್ಚಿನಲ್ಲಿ ಗ್ರಾಂಟನು ಎಲ್ಲ ಸೈನ್ಯಗಳ ಮಹಾದಂಡನಾಯಕನಾದನು. ವಾಷಿಂಗ್ಟನಿಗೆ ಹೊರಡುವ ಮೊದಲು ಶೆರ್ಮನನಿಗೆ ಪತ್ರ ಬರೆದು, ತನ್ನ ಏಳಿಗೆಗೆ ನೀನೂ ಮೆಕ್‌ಫರ್ಸನನೂ ಎಲ್ಲರಿಗಿಂತ ಹೆಚ್ಚಿನ ಕಾರಣರೆಂದು ತಿಳಿಸಿದನು. ಉತ್ತರದಲ್ಲಿ ಶೆರ್ಮನನು, ನಾನು ಎಲ್ಲಿದ್ದರೂ ನಿನ್ನ ನೆನಪಿನಲ್ಲಿದ್ದೇನೆಂದೂ ಇಕ್ಕಟ್ಟಿಗೆ ಸಿಕ್ಕಿದರೆ ಜೀವವಿದ್ದರೆ ನೀನು ಬಂದೇ ಬರುವೆಯೆಂದೂ ನನಗೆ ತಿಳಿದಿತ್ತು ಎಂದು ಬರೆದನು. ಅದೇ ಪತ್ರದಲ್ಲಿ, ನಿನಗೆ ಯುದ್ಧಶಾಸ್ತ್ರದ ಪುಸ್ತಕಜ್ಞಾನ ಸಾಲದೆಂದು ಶಂಕಿಸಿದ್ದೆನೆಂದೂ ಒಪ್ಪಿಕೊಂಡನು! ಹೊಗಳಿಕೆಯಲ್ಲೂ ನೇರ ಮಾತು ಬಿಟ್ಟವನಲ್ಲ.

ಮುಂದಿನ ಯೋಜನೆ ಸರಳ. ಗ್ರಾಂಟನು ವರ್ಜೀನಿಯದಲ್ಲಿ ಲೀಯ ಸೈನ್ಯವನ್ನು ಹಿಡಿದಿಡುವುದು, ಶೆರ್ಮನನು ಸುಮಾರು ಒಂದು ಲಕ್ಷ ಜನರೊಡನೆ ಜಾರ್ಜಿಯಕ್ಕೆ ನುಗ್ಗುವುದು; ಎರಡೂ ಮೇ ತಿಂಗಳ ಆರಂಭದಲ್ಲಿ ಒಟ್ಟಿಗೇ, ಒಬ್ಬರಿಂದ ಇನ್ನೊಬ್ಬರ ಕಡೆಗೆ ಶತ್ರುವಿನ ನೆರವು ಹೋಗದಂತೆ. ಮಾಡಬೇಕಾದ ಕೆಲಸವನ್ನಷ್ಟೇ ಗ್ರಾಂಟನು ಹೇಳಿದನು, ಮಾಡುವ ವಿಧಾನವನ್ನು ಶೆರ್ಮನನಿಗೇ ಬಿಟ್ಟನು. ಸೆಪ್ಟೆಂಬರ್ 2ರಂದು ಅಟ್ಲಾಂಟಾ ವಶವಾಯಿತು. ಅಲ್ಲಿಂದ ಸಮುದ್ರದವರೆಗೆ ನಡೆದುಬಿಡುತ್ತೇನೆಂದು ಶೆರ್ಮನನು ಕೇಳಿದಾಗ ಅನುಮಾನಿಸುವ ಸರದಿ ಗ್ರಾಂಟನದಾಯಿತು. ವಿಕ್ಸ್‌ಬರ್ಗಿನ ಪಾತ್ರಗಳು ಇಲ್ಲಿ ಅದಲುಬದಲಾದವು. ವಾರಗಟ್ಟಲೆ ತಂತಿಗಳು ಓಡಾಡಿ ಕೊನೆಗೆ ಗ್ರಾಂಟನು ಒಪ್ಪಿದನು. 62 ಸಾವಿರ ಜನರ ಸೈನ್ಯವು ನವೆಂಬರ್ 15ರಂದು ಹೊರಟು, ದಾರಿಯ ಊರುಗಳಿಂದಲೇ ಆಹಾರ ಎತ್ತಿಕೊಂಡು, ರೈಲುಹಳಿಗಳನ್ನು ಕಿತ್ತು, ಡಿಸೆಂಬರ್ 21ರಂದು ಸವಾನ್ನಾ ಪಟ್ಟಣವನ್ನು ಸೇರಿತು.

ಈ ದಂಡಯಾತ್ರೆಯನ್ನು ಹೊಗಳಿ ಬಿಡಲು ನಮಗೆ ಮನಸ್ಸಿಲ್ಲ. ಹತ್ತು ಕೋಟಿ ಡಾಲರುಗಳಷ್ಟು ಹಾನಿಯಾಯಿತೆಂದು ಶೆರ್ಮನನೇ ಲೆಕ್ಕ ಹಾಕಿದನು. ಅದರಲ್ಲಿ ಸೈನ್ಯಕ್ಕೆ ಉಪಯೋಗವಾದದ್ದು ಎರಡು ಕೋಟಿ, ಉಳಿದದ್ದು ಬರಿಯ ನಾಶ. ಬಿಡುಗಡೆಯನ್ನು ಹಾರೈಸಿ ಸೈನ್ಯದ ಹಿಂದೆ ಸಾವಿರಾರು ಗುಲಾಮರು ಬಂದರು. ಡಿಸೆಂಬರ್ 9ರಂದು ಎಬೆನೀಜರ್ ಎಂಬ ಹೊಳೆಯಲ್ಲಿ, ಶೆರ್ಮನನ ಕೈಕೆಳಗಿನ ಒಬ್ಬ ಸೇನಾನಿಯು ಸೈನ್ಯ ದಾಟಿದೊಡನೆ ಸೇತುವೆಯನ್ನು ಎತ್ತಿಸಿಬಿಟ್ಟನು. ಶತ್ರುವಿನ ಕುದುರೆ ದಂಡಿಗೆ ಹೆದರಿ ನೀರಿಗೆ ಹಾರಿದ ಎಷ್ಟೋ ಮಂದಿ ಮುಳುಗಿ ಸತ್ತರು. ಇಬ್ಬರ ನಡುವಿನ ವಿಶ್ವಾಸ ಎಷ್ಟು ದೊಡ್ಡದಾದರೂ ಅದರ ಹೊರಗೆ ನಿಂತವರ ಗತಿ ಬೇರೆ.

1865ರ ಆರಂಭದಲ್ಲಿ ಶೆರ್ಮನನಿಗೂ ಗ್ರಾಂಟನ ದರ್ಜೆಯನ್ನೇ ಕೊಡಬೇಕೆಂಬ ಮಾತು ಎದ್ದಿತು. ತನಗೆ ಅದು ಬೇಡವೆಂದು ಶೆರ್ಮನನು ಗ್ರಾಂಟನಿಗೆ ಬರೆದನು. ನೀನು ಮೇಲಾಗಿ ನಾನು ನಿನ್ನ ಕೈಕೆಳಗಾದರೂ ನಮ್ಮ ಸಂಬಂಧ ಬದಲಾಗದೆಂದು ಗ್ರಾಂಟನ ಉತ್ತರ ಬಂದಿತು.

ಎಪ್ರಿಲ್ 9ರಂದು ಲೀಯು ಗ್ರಾಂಟನಿಗೆ ಶರಣಾದನು. 14ರ ರಾತ್ರಿ ಲಿಂಕನನಿಗೆ ಗುಂಡೇಟು ಬಿತ್ತು. ಅದೇ ವಾರ ಶೆರ್ಮನನು ಜಾನ್‌ಸ್ಟನನೊಡನೆ ಮಾಡಿಕೊಂಡ ಒಪ್ಪಂದದಲ್ಲಿ ಸೇನಾನಿಗೆ ಸೇರದ ರಾಜಕೀಯ ವಿಷಯಗಳನ್ನೂ ಸೇರಿಸಿಬಿಟ್ಟನು. ಸರಕಾರ ಅದನ್ನು ತಳ್ಳಿಹಾಕಿತು. ಯುದ್ಧಮಂತ್ರಿ ಸ್ಟಾಂಟನನು ದ್ರೋಹದ ವಾಸನೆ ಬರುವ ಮಾತುಗಳಲ್ಲಿ ಅದನ್ನು ಪತ್ರಿಕೆಗಳಿಗೆ ಕೊಟ್ಟನು. ಗ್ರಾಂಟನು ತಾನೇ ಹೋಗಿ ಸರಿಪಡಿಸಬೇಕಾಯಿತು. ಅವನು ಎಪ್ರಿಲ್ 24ರಂದು ಸದ್ದಿಲ್ಲದೆ ರಾಲೀ ಪಟ್ಟಣಕ್ಕೆ ಬಂದನು. ಸೈನ್ಯದ ಆಡಳಿತವನ್ನು ಕೈಗೆ ತೆಗೆದುಕೊಳ್ಳಲಿಲ್ಲ, ಜಾನ್‌ಸ್ಟನನ ಎದುರಿಗೆ ಹೋಗಲೂ ಇಲ್ಲ. ಹೊಸ ಒಪ್ಪಂದಕ್ಕೆ 26ರಂದು ಶೆರ್ಮನನೇ ಸಹಿ ಹಾಕುವಂತೆ ಬಿಟ್ಟು, ಬಂದ ಹಾಗೆಯೇ ಹಿಂದಿರುಗಿದನು.

ಮುಂದೆ ಗ್ರಾಂಟನು 1869ರಿಂದ 1877ರವರೆಗೆ ಅಧ್ಯಕ್ಷನಾದನು, ಶೆರ್ಮನನು ಸೈನ್ಯದ ಮುಖ್ಯಸ್ಥನಾದನು. ಯುದ್ಧಮಂತ್ರಿಗೂ ಸೈನ್ಯದ ಮುಖ್ಯಸ್ಥನಿಗೂ ಅಧಿಕಾರದ ಗಡಿ ಯಾವುದೆಂಬ ತಕರಾರಿನಲ್ಲಿ ಇಬ್ಬರ ನಡುವೆ ಬೇಸರವೂ ಹುಟ್ಟಿತು. ಶಾಂತಿಕಾಲದ ಕಚೇರಿಯು ಶೈಲೋದ ಮಳೆಗಿಂತ ಕಠಿಣವಾಗಿತ್ತೇನೋ. ಆದರೆ 1885ರಲ್ಲಿ, ಗಂಟಲಿನ ಅರ್ಬುದರೋಗದಿಂದ ನವೆಯುತ್ತ ಗ್ರಾಂಟನು ತನ್ನ ನೆನಪುಗಳನ್ನು ಬರೆದಾಗ ವಿಕ್ಸ್‌ಬರ್ಗಿನ ಆ ವಿರೋಧ ಪತ್ರದ ಸಂಗತಿಯನ್ನು ಬಿಡಲಿಲ್ಲ. ಶೆರ್ಮನನು ತಾನಾಗಿ ಹೇಳದಿದ್ದರೆ ಅದು ಯಾರಿಗೂ ತಿಳಿಯುತ್ತಿರಲಿಲ್ಲವೆಂದೂ, ಉಪಾಯವು ಅವನದೇ ಆಗಿದ್ದರೂ ಅವನು ಇದಕ್ಕಿಂತ ಹೆಚ್ಚು ದುಡಿಯಲು ಸಾಧ್ಯವಿರಲಿಲ್ಲವೆಂದೂ ಬರೆದಿಟ್ಟನು. ಬರವಣಿಗೆ ಮುಗಿದ ಕೆಲವೇ ದಿನಗಳಲ್ಲಿ, ಜುಲೈ 23ರಂದು ತೀರಿಕೊಂಡನು. ಆಗಸ್ಟ್ 8ರಂದು ನ್ಯೂಯಾರ್ಕಿನಲ್ಲಿ ಅವನ ಶವಯಾತ್ರೆ ಹೊರಟಾಗ ಪೆಟ್ಟಿಗೆಯ ಗೌರವವಾಹಕರಲ್ಲಿ ಶೆರ್ಮನನಿದ್ದನು. ಅವನ ಶತ್ರುವಾಗಿದ್ದ ಜೋಸೆಫ್ ಜಾನ್‌ಸ್ಟನನೂ ಇದ್ದನು.