ಗಿರಣಿಯ ಬಾಗಿಲಿನಿಂದ ಮಂತ್ರಿಮಂಡಲಕ್ಕೆ: ಕೆ.ಟಿ. ಭಾಷ್ಯಂ

ನಗರ್ತಪೇಟೆಯಂತಹ ಹಳೆಯ ಪೇಟೆಗಳ ಬೆಂಗಳೂರು ಮಗ್ಗ ಹಾಗೂ ಬಟ್ಟೆ ವ್ಯಾಪಾರದ ಊರು. 1884ರಲ್ಲಿ ಆರಂಭವಾದ ಬಿನ್ನಿ ಗಿರಣಿಯಂತಹ ಉದ್ಯಮಗಳು ಇಲ್ಲಿ ದಿನಗೂಲಿಯನ್ನೇ ನಂಬಿದ ಹೊಸ ವರ್ಗವೊಂದನ್ನು ರೂಪಿಸಿದವು. ಈ ಕಾರ್ಮಿಕರನ್ನು ಸಂಘಟಿಸಿದವರಲ್ಲಿ ಕಾಂಗ್ರೆಸ್ಸಿನ ವಕೀಲ ಕೆ.ಟಿ. ಭಾಷ್ಯಂ ಪ್ರಮುಖರು. ಅವರ ಪಾಲಿಗೆ ಕೂಲಿಯ ಹೋರಾಟ ಮತ್ತು ಜವಾಬ್ದಾರಿ ಸರ್ಕಾರದ ಹೋರಾಟ ಬೇರೆಬೇರೆಯಾಗಿರಲಿಲ್ಲ. 1947ರ ‘ಮೈಸೂರು ಚಲೋ’ ಚಳವಳಿಯ ಫಲವಾಗಿ ಅಕ್ಟೋಬರ್‌ನಲ್ಲಿ ರಚನೆಯಾದ ಕೆ.ಸಿ. ರೆಡ್ಡಿ ಮಂತ್ರಿಮಂಡಲದಲ್ಲಿ ಅವರು ಕಾನೂನು ಮತ್ತು ಕಾರ್ಮಿಕ ಸಚಿವರಾದರು. ದ್ವಂದ್ವವಿರುವುದು ಇಲ್ಲಿಯೇ. ಬೇಡಿಕೆ ಮಂಡಿಸುತ್ತಿದ್ದವರು ಈಗ ಬೇಡಿಕೆ ಮತ್ತು ಉತ್ಪಾದನೆಗಳ ನಡುವೆ ತೀರ್ಪುಗಾರರಾಗಬೇಕಾಯಿತು. ಕಾರ್ಮಿಕರ ದನಿಗೆ ಪ್ರಭುತ್ವದೊಳಗೆ ಪ್ರವೇಶ ದೊರೆಯಿತು. ಆದರೆ ಆ ದನಿ ಗಿರಣಿಯಲ್ಲಿ ದುಡಿದವರದಾಗಿರದೆ ವಕೀಲರದಾಗಿತ್ತು. ಪ್ರಾತಿನಿಧ್ಯದ ಈ ಪ್ರಶ್ನೆಯನ್ನು ಬಿಟ್ಟು ಅವರ ರಾಜಕೀಯ ಜೀವನದ ಮೌಲ್ಯಮಾಪನ ಪೂರ್ಣವಾಗಲಾರದು.